ರೇಣುಕಾದೇವಿ ಆಂಟಿಯ ನಲವತ್ತು ನಿಮಿಷ

೧

ಎಲ್ಲಿಂದ ಶುರು ಮಾಡಲಿ ಎನ್ನುವುದರಲ್ಲೇ ಜಗಳ ಹತ್ತಿಕೊಂಡಿದೆ. ನಾನು ಬಸ್ಸಿನಿಂದ ಎನ್ನುತ್ತೇನೆ. ರೇಣುಕಾದೇವಿ ಆಂಟಿ ಬೂಟಿನಿಂದ ಎನ್ನುತ್ತಾರೆ. ಅವರ ಗಂಡ, ಡಾಕ್ಟರ್ ರಾಮಲಿಂಗಪ್ಪ ಅಂಕಲ್, ಶುರು ಮಾಡುವುದೇ ಬೇಡ ಎನ್ನುತ್ತಾರೆ. ಓದುಗರೇ, ನೀವು ಯಾರ ಪಕ್ಷ ವಹಿಸುವ ಮೊದಲು ನನ್ನ ಬಸ್ಸನ್ನು ಒಮ್ಮೆ ನೋಡಿಬಿಡಿ:

"ಮ್ಯಾಡ್ರಿಡ್‌ನಿಂದ ಹೊರಟ ಟೂರ್ ಬಸ್ಸು ಹತ್ತು ಗಂಟೆಗೆ ಟೊಲೆಡೊ ತಲುಪಿತು. ಮೂರು ದಿಕ್ಕಿನಿಂದ ನದಿ ಆ ಪುರಾತನ ನಗರವನ್ನು ಅಪ್ಪಿಕೊಂಡಿತ್ತು."

ಹೊಡೆದು ಹಾಕಿದೆ. ನದಿ ಅಪ್ಪಿಕೊಂಡದ್ದನ್ನು ನಾನು ಕಂಡವಳಲ್ಲ, ಯಾವುದೋ ವೆಬ್‌ಸೈಟಿನಲ್ಲಿ ಓದಿದವಳು. ನಾನು ಸ್ಪೇನ್‌ಗೇ ಹೋಗಿಲ್ಲ. ಅಮೆರಿಕದ ವೀಸಾ ಸ್ಟ್ಯಾಂಪ್ ಮುಗಿದು ಮೂರು ವರ್ಷವಾಗಿದೆ. ಈ ದೇಶದೊಳಗೆ ಇರಬಹುದು, ಹೊರಗೆ ಹೋದರೆ ವಾಪಸ್ ಬರುವುದಕ್ಕೆ ಯಾವ ಕಾನ್ಸುಲೇಟಿನ ಮುಂದೆ ಎಷ್ಟು ತಿಂಗಳು ಕಾಯಬೇಕೋ ಗೊತ್ತಿಲ್ಲ. (ಓಹಾಯೋ ರಾಜ್ಯದಲ್ಲೂ ಒಂದು ಟೊಲೆಡೊ ಇದೆ. ನಾವಿರುವ ವರ್ಜೀನಿಯಾದ ಹರ್ನ್‌ಡನ್‌ನಿಂದ ಏಳೆಂಟು ಗಂಟೆ ಡ್ರೈವ್. ಕಥೆಯನ್ನು ಅಲ್ಲಿಗೆ ಸಾಗಿಸಿಬಿಡಲೇ ಎಂದು ಒಂದು ವಾರ ಗಂಭೀರವಾಗಿ ಯೋಚಿಸಿದ್ದೆ. ಆಂಟಿ ಎರಡು ದಿನ ಮಾತು ಬಿಟ್ಟರು.)

ಕನ್ನಡ ಕೂಟದ ಸಂಚಿಕೆಗೆ ಪ್ರವಾಸಕಥನ ಬೇಕಂತೆ. ಪ್ರವಾಸ ಅವರದು, ಕಥನ ನನ್ನದು ಎಂದು ಒಪ್ಪಂದವಾಗಿದೆ. ಶುಕ್ರವಾರ ಕೊನೇ ದಿನ.

೨

ಇವರು ಯಾರು ಎಂದು ಹೇಳದೆ ಮುಂದೆ ಹೋದರೆ ನೀವು ಬೈಯುತ್ತೀರಿ. ಇಬ್ಬರೂ ಗದಗಿನ ಕಡೆಯವರು. ಅಂಕಲ್ ಅನಸ್ತೇಶಿಯಾ ಡಾಕ್ಟರ್. ಜಾರ್ಜಿಯಾದಲ್ಲಿ, ಅಟ್ಲಾಂಟಾ ಪಕ್ಕದ ಲಾರೆನ್ಸ್‌ವಿಲ್‌ನಲ್ಲಿ ಮೂವತ್ತು ವರ್ಷ ಜನರನ್ನು ಮಲಗಿಸಿ ಎಬ್ಬಿಸಿ ನಿವೃತ್ತರಾದರು. ಮಗ ಚೇತನನಿಗೆ ವಾಷಿಂಗ್ಟನ್‌ನಲ್ಲಿ ಕೆಲಸ, ಹಾಗಾಗಿ ಇಲ್ಲಿಗೆ ಬಂದು ನಮ್ಮ ಹಿಂದಿನ ಬೀದಿಯಲ್ಲಿ ಟೌನ್‌ಹೌಸ್ ಕೊಂಡರು. ಅಂಕಲ್ ಎಲ್ಲಿಗೆ ಹೋದರೂ ಐದು ಹೆಜ್ಜೆ ಮುಂದೆ. ಅಂಗಡಿಯಲ್ಲೂ ಐದು, ಏರ್‌ಪೋರ್ಟಿನಲ್ಲೂ ಐದು. ಆಂಟಿ ಹಿಂದೆ, ಚೀಲದ ಜೊತೆ.

(ಅಂಕಲ್ ಇದನ್ನು ಓದಿ, ಐದಲ್ಲ, ಮೂರು ಎಂದು ತಿದ್ದಿದ್ದಾರೆ. ನಾನು ತಿದ್ದುವುದಿಲ್ಲ.)

ಈಗ ನಿಜವಾದ ವಿಷಯ. ಕಳೆದ ಮೇ ತಿಂಗಳಲ್ಲಿ, ಟೊಲೆಡೊದ ಒಂದು ದಿನದ ಗೈಡೆಡ್ ಟೂರ್‌ನಲ್ಲಿ, ಆಂಟಿ ನಲವತ್ತು ನಿಮಿಷ ಕಾಣೆಯಾಗಿದ್ದರು. ವಾಪಸ್ ಬಂದ ಮೇಲೆ ಅವರ ಕಾರಿನ ಕೀ ಅಂಕಲ್ ಪ್ಯಾಂಟಿನ ಜೇಬು ಸೇರಿತು. ಫೋನಿಗೆ ಚೇತನ ಒಂದು ಆ್ಯಪ್ ಹಾಕಿದ, ಆಂಟಿ ಎಲ್ಲಿರುತ್ತಾರೋ ಅಲ್ಲಿ ಒಂದು ನೀಲಿ ಚುಕ್ಕೆ. ಈ ಗುರುವಾರ ಬೆಳಗ್ಗೆ ಹತ್ತಕ್ಕೆ ಮೆಮೊರಿ ಟೆಸ್ಟ್. ಅಟ್ಲಾಂಟಾದ ಟ್ರಾಫಿಕ್ಕಿನಲ್ಲಿ ಮೂವತ್ತು ವರ್ಷ ಕಾರು ಓಡಿಸಿದ ಹೆಂಗಸು ಈಗ ಲೈಬ್ರರಿಗೆ ಹೋಗಬೇಕೆಂದರೆ ಗಂಡನ ಮಧ್ಯಾಹ್ನದ ನಿದ್ದೆ ಮುಗಿಯುವವರೆಗೆ ಕಾಯಬೇಕು. ನನಗೆ ಸಿಟ್ಟು ಬರುತ್ತದೆ, ಬರೆಯುವವಳಿಗೆ ಬರಬಾರದಂತೆ, ಆದರೂ ಬರುತ್ತದೆ.

"ನಾ ಕಳದುಹೋಗಿದ್ದಿಲ್ಲ ಸ್ಮಿತಾ, ಇಷ್ಟು ಬರಿ ಸಾಕು," ಎಂದರು ಆಂಟಿ. "ಅಚ್ಚಾದ್ರ ನಂಬ್ತಾರ. ನಾ ಹೇಳಿದ್ರ ನಂಬಂಗಿಲ್ಲ."

೩ (ಬೂಟಿನಿಂದ)

ಸರಿ, ಬೂಟು. ಪ್ರವಾಸಕ್ಕೆಂದೇ ಕೊಂಡ ಬಿಳಿ ವಾಕಿಂಗ್ ಶೂ, ಪಟ್ಟಿ ಅಂಟಿಸುವಂಥದು. ಗೈಡ್ ಹುಡುಗಿ ಹಳದಿ ಛತ್ರಿ ಎತ್ತಿ ಹಿಡಿದು ಮುಂದೆ, ಛತ್ರಿಯ ಪಕ್ಕ ಅಂಕಲ್, ಆಮೇಲೆ ಇಪ್ಪತ್ತೆಂಟು ಜನ, ಕೊನೆಗೆ ಆಂಟಿ. ಎಲ್ಲರ ಕಿವಿಗೂ ಒಂದು ಇಯರ್‌ಪೀಸ್. ಗೈಡ್ ಎಲ್ಲಿದ್ದರೂ ಮಾತು ಕಿವಿಯೊಳಗೆ ಬೀಳುತ್ತದೆ.

ದೊಡ್ಡ ಚರ್ಚಿನ ಬಾಗಿಲಿಗೆ ಬಂದಾಗ ಇಪ್ಪತ್ತೆಂಟು ಜನ ಬೂಟಿನಲ್ಲೇ ಒಳಗೆ ಹೋದರು. ಆಂಟಿ ನಿಂತರು.

(ಇಲ್ಲಿ ನಾನು ಅಡ್ಡ ಬಾಯಿ ಹಾಕಿ, ಆಂಟಿ, ಅಮೆರಿಕದಲ್ಲಿ ನೀವು ಚರ್ಚ್ ವೆಡ್ಡಿಂಗ್‌ಗೆಲ್ಲ ಹೋಗಿದ್ದೀರಲ್ಲ ಎಂದು ಕೇಳಿದೆ. ಅವು ಕಾರ್ಪೆಟ್ ಹಾಕಿದ ಹಾಲ್ ಥರ ಇದ್ದವಂತೆ. ಇದು ಕಲ್ಲಿನದು, ನೂರಾರು ವರ್ಷದ್ದು, ಒಳಗೆ ದೀಪ ಉರಿಯುತ್ತಿತ್ತು. ಕಾಲು ತಾನೇ ನಿಂತಿತಂತೆ.)

ಬೂಟು ಬಿಚ್ಚಿದರು. ಬಿಚ್ಚಿದ ಮೇಲೆ, ನಮ್ಮ ಕಡೆ ಜಾತ್ರೆಗೋ ಮಠಕ್ಕೋ ಹೋದವರು ಮಾಡುವುದನ್ನೇ ಮಾಡಿದರು. ಜೋಡಿಯನ್ನು ಒಂದೇ ಕಡೆ ಬಿಡಲಿಲ್ಲ. ಎಡಗಾಲಿನದು ಬಾಗಿಲ ಪಕ್ಕ, ಬಲಗಾಲಿನದು ಅಷ್ಟು ದೂರದ ಕಂಬದ ಹಿಂದೆ. ಒಂಟಿ ಬೂಟನ್ನು ಯಾವ ಕಳ್ಳನೂ ಒಯ್ಯುವುದಿಲ್ಲ. ಸ್ಪೇನ್‌ನ ಕಳ್ಳನಿಗೂ ಎರಡೇ ಕಾಲು.

ಬರೀ ಸಾಕ್ಸಿನಲ್ಲಿ ಒಳಗೆ ಹೋದರು, ಎಲ್ಲ ದೇವರಿಗೂ ಕೈ ಮುಗಿದರು. ಆದರೆ ಟೂರಿನವರ ಲೆಕ್ಕವೇ ಬೇರೆ. ಒಂದು ಬಾಗಿಲಿನಿಂದ ಒಳಗೆ, ಇನ್ನೊಂದು ಬಾಗಿಲಿನಿಂದ ಹೊರಗೆ. ಹಳದಿ ಛತ್ರಿ ಬೇರೆಯೇ ಬೀದಿಗೆ ಇಳಿಯಿತು. ಕಾಲಿಗೆ ಕಲ್ಲು ಚುಚ್ಚಿದಾಗ ಆಂಟಿಗೆ ಬೂಟಿನ ನೆನಪು ಬಂತು. ಅಂಕಲ್‌ನ ಕರೆದರು. ಅಂಕಲ್ ಛತ್ರಿಯ ಜೊತೆ ಯಾವುದೋ ರಾಜನ ಬಗ್ಗೆ ಚರ್ಚೆಯಲ್ಲಿದ್ದರು, ಇಯರ್‌ಪೀಸ್ ಬೇರೆ.

ವಾಚ್‌ಮನ್ ಮತ್ತೆ ಒಳಗೆ ಬಿಡಲಿಲ್ಲ. ಹೊರಗಿನಿಂದಲೇ ಸುತ್ತು ಹಾಕಿಕೊಂಡು, ಸಾಕ್ಸಿನಲ್ಲಿ, ಅರವತ್ತೊಂಬತ್ತು ವರ್ಷದ ಆಂಟಿ ಮೊದಲ ಬಾಗಿಲು ಹುಡುಕಿಕೊಂಡು ಹೋದರು. ಕಿವಿಯಲ್ಲಿ ಗೈಡ್ ಹುಡುಗಿ, ನಿಮ್ಮ ಎಡಕ್ಕೆ ನೋಡಿ, ಬಲಕ್ಕೆ ನೋಡಿ ಎನ್ನುತ್ತಲೇ ಇದ್ದಳು. ಆಂಟಿಯ ಎಡಬಲದಲ್ಲಿ ಬೇರೆಯೇ ಏನೋ ಇತ್ತು. ಆಮೇಲೆ ಇಯರ್‌ಪೀಸ್ ಕರಕರ ಎಂದಿತು. ಆಮೇಲೆ ಅವಳೂ ಇಲ್ಲ.

೪ (ಅಂಕಲ್ ಆವೃತ್ತಿ)

ನ್ಯಾಯವಾಗಿ ಅವರ ಮಾತೂ ಬರಬೇಕು. ಊಟದ ಹೊತ್ತಿಗೆ ತಲೆ ಎಣಿಸಿದಾಗ ಒಂದು ಕಡಿಮೆ. ಅಂಕಲ್ ಬಂದ ದಾರಿಯಲ್ಲೇ ಓಡಿದರು. ಅವಳ ಫೋನಿಗೆ ಅಲ್ಲಿಯ ಕನೆಕ್ಷನ್ ಇರಲಿಲ್ಲ, ಭಾಷೆ ಬರುವುದಿಲ್ಲ, ಪಾಸ್‌ಪೋರ್ಟು ಅಂಕಲ್ ಹತ್ತಿರ. ಬೀದಿಗಳು ಒಂದರೊಳಗೊಂದು ಹೊಕ್ಕುಕೊಂಡಿದ್ದವು. ಎಪ್ಪತ್ತಾರು ವರ್ಷದ ಮನುಷ್ಯ, ಸ್ಟೆಂಟ್ ಹಾಕಿಸಿಕೊಂಡವರು, ಏರು ಇಳಿಜಾರು ಹತ್ತಿಳಿದು ಕಡೆಗೆ ಚರ್ಚಿನ ಎದುರು ಒಂದು ಕಟ್ಟೆಯ ಮೇಲೆ ಹೆಂಡತಿಯನ್ನು ಕಂಡರು. ಆಂಟಿ ಆರಾಮಾಗಿ ಕೂತಿದ್ದರು.

"ಊಟ ಆತೇನ್ರಿ?" ಎಂದು ಕೇಳಿದರಂತೆ ಆಂಟಿ.

ಅಂಕಲ್ ಪ್ರಕಾರ ಅದು ಮರೆವಿನ ಲಕ್ಷಣ. ಚರ್ಚಿನ ಹೆಸರೇನು ಎಂದರೆ ಗೊತ್ತಿಲ್ಲ. ಅದು ಇನ್ನೊಂದು ಲಕ್ಷಣ. (ಆ ಹೆಸರನ್ನು ನಾನು ಆರು ಸಲ ಹುಡುಕಿದ್ದೇನೆ, ನನಗೂ ನೆನಪಿಲ್ಲ. ಗುರುವಾರ ನನ್ನನ್ನೂ ಕರೆದುಕೊಂಡು ಹೋಗಲಿ.)

ಮೊದಲು ನಾನು ಅಂಕಲ್‌ನ ಖಳನಾಯಕ ಮಾಡಿ ಒಂದು ಡ್ರಾಫ್ಟ್ ಬರೆದಿದ್ದೆ. ಆದರೆ ಈ ಭಾಗ ಹೇಳುವಾಗ ಅವರು ಕನ್ನಡಕ ತೆಗೆದು ಒರೆಸಿಕೊಂಡರು, ಅದು ಕೊಳೆಯಾಗಿರಲಿಲ್ಲ. ಆ ಡ್ರಾಫ್ಟ್ ಹರಿದೆ. ಹೆದರಿದ ಮನುಷ್ಯ ಕೀ ಕಿತ್ತುಕೊಂಡಿದ್ದಾನೆ, ಅಷ್ಟೇ. ಅಷ್ಟೇ ಎಂದರೆ ಕೀ ವಾಪಸ್ ಬರುವುದಿಲ್ಲವಲ್ಲ.

೫

ಲೆಕ್ಕ ಹಾಕಿ, ಓದುಗರೇ. ಎಡಗಾಲಿನ ಬೂಟು ಇಟ್ಟಲ್ಲೇ ಸಿಕ್ಕಿತು. ಬಲಗಾಲಿನದನ್ನು ಕಸ ಗುಡಿಸುವ ಹೆಂಗಸು ಎತ್ತಿ ಕಿಟಕಿಯ ಕಟ್ಟೆ ಮೇಲೆ ಇಟ್ಟಿದ್ದಳು, ಅದೂ ಸಿಕ್ಕಿತು. ಎಲ್ಲ ಸೇರಿ ಹತ್ತು ನಿಮಿಷ. ಉಳಿದ ಮೂವತ್ತು?

ಸೋಮವಾರ ನಾನು ಪಟ್ಟು ಹಿಡಿದೆ. ಇದನ್ನು ಹೇಳದಿದ್ದರೆ ನಿಮ್ಮನ್ನು ಕಳೆದುಹೋದವರು ಎಂದೇ ಬರೆಯುತ್ತೇನೆ ಎಂದೆ. (ಪಾತ್ರಗಳನ್ನು ಹೆದರಿಸುವ ಲೇಖಕಿಯನ್ನು ನಾನೂ ಮೆಚ್ಚುವುದಿಲ್ಲ.) ಆಂಟಿ ಚಹಾ ಮುಗಿಸಿ, ಕಪ್ಪು ತೊಳೆದಿಟ್ಟು ಬಂದು ಕೂತರು.

ಬೂಟು ಹಾಕಿಕೊಂಡು, ಇಯರ್‌ಪೀಸ್ ತೆಗೆದು ಪರ್ಸಿಗೆ ಹಾಕಿ, ಪಕ್ಕದ ಅಂಗಡಿಯಲ್ಲಿ ಬಾದಾಮಿಯ ಪೇಡೆಯಂಥದೇನೋ ಎರಡು ಕೊಂಡು ಕಟ್ಟೆಯ ಮೇಲೆ ಕೂತರಂತೆ. ಬಸ್ಸು ಎಲ್ಲಿ ನಿಂತಿದೆ ಎಂದು ಗೊತ್ತಿತ್ತು, ಎಷ್ಟಕ್ಕೆ ಹೊರಡುತ್ತದೆ ಎಂದೂ ಗೊತ್ತಿತ್ತು. ಬಿಸಿಲು ಹಿತವಾಗಿತ್ತು. ಅಷ್ಟರಲ್ಲಿ ಅಂಕಲ್ ಬಂದರು. ರೇಣುಕಾ, ರೇಣುಕಾ ಎಂದು ಕೂಗುತ್ತಾ, ಮುಂದೆ ನೋಡಿಕೊಂಡು, ಕಟ್ಟೆಯ ಮುಂದೆಯೇ ಹಾದುಹೋದರು. ಸ್ವಲ್ಪ ಹೊತ್ತಿಗೆ ಆ ಕಡೆಯಿಂದ ಮತ್ತೆ ಬಂದರು, ಮತ್ತೆ ಹಾದುಹೋದರು.

ನೀವು ಕೂಗಲಿಲ್ಲವಾ ಎಂದೆ.

"ಮೊದಲನೇ ಸಲ ಬಾಯಾಗ ಪೇಡೆ ಇತ್ತು. ಎರಡನೇ ಸಲ ಬಾಯಿ ಖಾಲಿನ ಇತ್ತು," ಎಂದರು ಆಂಟಿ. ಆಮೇಲೆ ನನ್ನನ್ನು ನೋಡದೆ, "ಮದುವ್ಯಾಗಿ ನಲವತ್ತಾರು ವರ್ಷ. ಏ, ಇವಳ, ಕೇಳಿಲ್ಲಿ, ಇವರು ನನ್ನ ಕರಿಯೋದು ಇಷ್ಟರಾಗ ಮುಗಿದದ. ಹೆಸರು ಹಿಡಿದು ಅಷ್ಟು ಸಲ ಕರದದ್ದು ನಾ ಕೇಳಿದ್ದಿಲ್ಲ. ಇನ್ನೊಂದು ಸಲ ಕರೀಲಿ ಅಂತ ಕೂತೆ."

ಇದನ್ನು ಬರೆಯಲಾ ಎಂದೆ. ನಿನಗೆ ಬಿಟ್ಟದ್ದು ಎಂದರು.

೬

ನನಗೆ ಬಿಟ್ಟರೆ ಹೇಗೆ? ಬರೆದರೆ ಆಂಟಿಗೆ ಮರೆವಿಲ್ಲ ಎಂದು ಸಾಬೀತಾಗುತ್ತದೆ, ಅಂಕಲ್ ಎದೆಗೆ ಚುಚ್ಚುತ್ತದೆ. ಬರೆಯದಿದ್ದರೆ ಅಂಕಲ್ ಉಳಿದುಕೊಳ್ಳುತ್ತಾರೆ, ಆಂಟಿ ನೀಲಿ ಚುಕ್ಕೆಯಾಗಿಯೇ ಇರುತ್ತಾರೆ. ಹೇಡಿ ಲೇಖಕಿಯರು ಇಂಥ ಹೊತ್ತಿನಲ್ಲಿ ಮಾಡುವುದನ್ನೇ ಮಾಡಿದೆ. ಎರಡೆರಡು ಅಂತ್ಯ ಬರೆದೆ.

ಅಂತ್ಯ ಅ: ಗುರುವಾರ ಆಂಟಿ ಎಲ್ಲ ಪ್ರಶ್ನೆಗೂ ಸರಿಯುತ್ತರ ಕೊಡುತ್ತಾರೆ. ಗಡಿಯಾರದ ಚಿತ್ರ ಬರೆದು ಮುಳ್ಳು ಸರಿಯಾಗಿ ಇಡುತ್ತಾರೆ. ಅಂಕಲ್ ಕೀ ಕೊಡುತ್ತಾರೆ. (ಆಂಟಿಯ ಆಕ್ಷೇಪ: ಗಡಿಯಾರದ ಚಿತ್ರ ಬರೆದು ಕಾರು ಗೆಲ್ಲುವುದಕ್ಕೆ ಅವರೇನು ಒಂದನೇ ಕ್ಲಾಸಿನಲ್ಲಿಲ್ಲ.)

ಅಂತ್ಯ ಆ: ಅಂಕಲ್ ಬದಲಾಗುತ್ತಾರೆ. ಚೀಲ ಹಿಡಿದು ಆಂಟಿಯ ಪಕ್ಕದಲ್ಲಿ, ಹೆಜ್ಜೆಗೆ ಹೆಜ್ಜೆ ಹಾಕುತ್ತಾ ನಡೆಯುತ್ತಾರೆ. (ಇದನ್ನು ಓದಿದ ಆಂಟಿಗೆ ನಗು ತಡೆಯಲಾಗದೆ ಚಹಾ ಮೂಗಿಗೆ ಏರಿತು.)

ಅಂತ್ಯ ಇ ಬರೆಯುತ್ತಾ ಕೂತಿದ್ದೆ. ಬುಧವಾರ, ಮಧ್ಯಾಹ್ನ ಎರಡೂವರೆ. ಆಂಟಿ ಬಂದರು. ನಮ್ಮ ಮನೆವರೆಗೆ ಒಬ್ಬರೇ ನಡೆದು ಬರಲು ಪರ್ಮಿಷನ್ ಇದೆ.

೭

ಅವರು ಸ್ಪೇನ್‌ಗೆ ಹೋದಾಗ ತುಳಸಿಗೆ ನೀರು ಹಾಕಲಿ ಎಂದು ಮನೆಯ ಕೀ, ಮೆಕ್ಯಾನಿಕ್ ಬಂದರೆ ಇರಲಿ ಎಂದು ಕಾರಿನ ಸ್ಪೇರ್ ಕೀ, ಎರಡನ್ನೂ ನನಗೆ ಕೊಟ್ಟಿದ್ದರು. ನಾನು ವಾಪಸ್ ಕೊಡುವುದು ಮರೆತಿದ್ದೆ. (ಹೇಳಿದೆನಲ್ಲ, ನನ್ನನ್ನೂ ಕರೆದುಕೊಂಡು ಹೋಗಲಿ.) ಆಂಟಿ ಮರೆತಿರಲಿಲ್ಲ. ಕೈ ಚಾಚಿದರು. ಕೊಟ್ಟೆ. ತಮ್ಮ ಫೋನನ್ನು ನನ್ನ ಊಟದ ಟೇಬಲ್ಲಿನ ಮೇಲೆ ಇಟ್ಟರು.

ಎಲ್ಲಿಗೆ ಎಂದು ನಾನು ಕೇಳಲಿಲ್ಲ. ಬಿಳಿ ಬೂಟಿನ ಪಟ್ಟಿ ಬಿಗಿ ಮಾಡಿಕೊಂಡು ಹೋದರು.

ಮೂರೂವರೆಗೆ ಅಂಕಲ್ ನಡೆದುಕೊಂಡು ಬಂದರು. ನಿದ್ದೆಯಿಂದ ಎದ್ದರೆ ಡ್ರೈವ್‌ವೇನಲ್ಲಿ ಕಾರಿಲ್ಲ, ಆ್ಯಪ್‌ನಲ್ಲಿ ಚುಕ್ಕೆ ನಮ್ಮ ಮನೆಯಲ್ಲಿದೆ. ನಾನು ಬಾಗಿಲು ತೆರೆದು, ಟೇಬಲ್ಲಿನ ಮೇಲಿದ್ದ ಫೋನ್ ತೋರಿಸಿದೆ. ಅವರು ಅದನ್ನು ಎತ್ತಿ ನೋಡಿ ಇಟ್ಟರು. ಚೇತನನಿಗೆ ಫೋನ್ ಮಾಡಲು ಹೊರಟರು.

ನಾನು ಮಾಡಿದ್ದು ಸರಿಯೋ ತಪ್ಪೋ ಗೊತ್ತಿಲ್ಲ. ಅಂಕಲ್, ಒಂದು ನಿಮಿಷ ಇದನ್ನು ಓದಿ ಎಂದು ಲ್ಯಾಪ್‌ಟಾಪ್ ಅವರ ಕಡೆ ತಿರುಗಿಸಿದೆ. ಐದನೆಯ ಭಾಗ ತೆರೆದಿತ್ತು.

ಅವರು ನಿಂತುಕೊಂಡೇ ಓದಿದರು. ಎರಡನೇ ಸಲ ಕೂತು ಓದಿದರು. ಹೊರಗಿನ ಬೀದಿಯಲ್ಲಿ ಯಾರೋ ಹುಲ್ಲು ಕತ್ತರಿಸುವ ಮಷಿನ್ ಓಡಿಸುತ್ತಿದ್ದರು.

"ಎರಡು ಸಲ ಹೋದ್ನೇನು, ಅಕಿ ಮುಂದ?" ಎಂದರು.

ಹೌದು ಅಂಕಲ್ ಎಂದೆ.

"ಮಗ್ಗಲಕ್ಕ ನೋಡಲೇ ಇಲ್ಲ ನಾ."

ಈ ವಾಕ್ಯವನ್ನು ನಾನು ಬರೆದದ್ದಲ್ಲ. ಇದಕ್ಕಿಂತ ಒಳ್ಳೆಯದನ್ನು ಬರೆಯಲು ನನಗೆ ಆಗಿಲ್ಲ.

೮

ಅಂಕಲ್ ಚೇತನನಿಗೆ ಫೋನ್ ಮಾಡಲಿಲ್ಲ. ಕಥೆಯಲ್ಲಿ ಎಷ್ಟು ಹೊತ್ತಿಗೆ ಬರುತ್ತಾಳೆ ಎಂದು ಕೇಳಿದರು. ನಲವತ್ತು ನಿಮಿಷ ಎಂದೆ. ಆಂಟಿ ಹೋಗಿ ಆಗಲೇ ಒಂದು ಗಂಟೆಯಾಗಿತ್ತು. ಅಂಕಲ್‌ಗೆ ಅದನ್ನು ಹೇಳಲಿಲ್ಲ. ಅವರು ವಾಚ್ ನೋಡಿಕೊಂಡು ನಮ್ಮ ಮನೆ ಮೆಟ್ಟಿಲ ಮೇಲೆ ಕೂತರು. ನಾನೂ ಕೂತೆ. ಕಾಯುವುದು ಅವರಿಗೆ ರೂಢಿಯಿಲ್ಲ. ಹತ್ತನೇ ನಿಮಿಷಕ್ಕೆ ಎದ್ದರು, ಮತ್ತೆ ಕೂತರು. ಇಪ್ಪತ್ತಕ್ಕೆ ಜೇಬಿನಿಂದ ಕಾರಿನ ಕೀ ತೆಗೆದು, ಅಂಗೈಯಲ್ಲಿ ಹಿಡಿದು ನೋಡಿ, ಅದೇ ಮೆಟ್ಟಿಲ ಮೇಲೆ ತಮ್ಮ ಪಕ್ಕದಲ್ಲಿ ಇಟ್ಟರು. ಮೂವತ್ತಕ್ಕೆ, ಆ ಪೇಡೆ ಎಂಥದಿತ್ತಂತೆ ಎಂದು ಕೇಳಿದರು.

ಆಂಟಿ ಎಲ್ಲಿದ್ದಾರೆ? ಲೈಬ್ರರಿಯಲ್ಲಿರಬಹುದು, ನದಿಯ ಕಡೆ ಹೋಗಿರಬಹುದು, ಲಾರೆನ್ಸ್‌ವಿಲ್‌ವರೆಗೂ ಹೊರಟಿರಬಹುದು, ಅವರಿಗೆ ದಾರಿ ಗೊತ್ತು. ನೀವು ನನ್ನನ್ನು ನೋಡಬೇಡಿ. ಕರ್ತೃವಿಗೆ ಎಲ್ಲ ಗೊತ್ತಿರುತ್ತದೆ ಎಂದು ಯಾರೋ ಎಬ್ಬಿಸಿದ ಸುದ್ದಿ. ಗೊತ್ತಿದ್ದರೂ ಹೇಳುತ್ತಿರಲಿಲ್ಲ. ಇನ್ನೊಂದು ಆ್ಯಪ್ ಆಗಲು ನಾನು ಕಥೆ ಬರೆಯುತ್ತಿಲ್ಲ.

ಮೂವತ್ತೊಂಬತ್ತನೇ ನಿಮಿಷ. ಬೀದಿಯ ತಿರುವಿನಲ್ಲಿ ಒಂದು ಕಾರು ಕಾಣಿಸಿತು. ಬಿಸಿಲು ಗಾಜಿಗೆ ಬಡಿದು ಒಳಗೆ ಯಾರಿದ್ದಾರೋ ತಿಳಿಯಲಿಲ್ಲ. ಅಂಕಲ್ ಕೈ ಊರಿ ಎದ್ದರು. ಮುಂದೆ ಒಂದು ಹೆಜ್ಜೆಯೂ ಇಡಲಿಲ್ಲ. ನಿಂತಲ್ಲೇ, ಇಡೀ ಬೀದಿಗೆ ಕೇಳುವ ಹಾಗೆ, ರೇಣುಕಾ ಎಂದು ಕರೆದರು.

ಕಾರು ಯಾರದಾಗಿತ್ತು ಎಂದು ನಾನು ಬರೆಯುವುದಿಲ್ಲ. ಅವರು ಇನ್ನೊಂದು ಸಲ ಕರೆಯಲಿ.