ಬಾಡಿಗೆಯ ಕಸ

"ಈ ಬೀದಿ ಸಾಲದು. ತೀರಾ ತೊಳೆದಿಟ್ಟ ಹಾಗಿದೆ," ಎಂದು ಪ್ರೆಸ್ಟನ್ ಮೂಗು ಮುರಿದ.

ತೊಳೆದೇ ಇತ್ತು. ಅಮೆರಿಕದ ಬಾಲ್ಟಿಮೋರ್ ನಗರದ ಆ ಕಪ್ಪು ಜನರ ಓಣಿಯಲ್ಲಿ ಪ್ರತಿ ಶನಿವಾರ ಹೆಂಗಸರು ಮಂಡಿಯೂರಿ ಮನೆಮುಂದಿನ ಅಮೃತಶಿಲೆಯ ಮೆಟ್ಟಿಲು ಉಜ್ಜುತ್ತಾರೆ. ಪಕ್ಕದ ಮನೆ ಪಾಳುಬಿದ್ದು ಕಿಟಕಿಗೆ ಹಲಗೆ ಹೊಡೆದಿದ್ದರೆ ಅದರ ಮೆಟ್ಟಿಲನ್ನೂ ಬಿಡುವುದಿಲ್ಲ. ಡೆಲ್ಫೀನ್ ಹುಟ್ಟಿದ್ದು ಅಲ್ಲೇ, ಸಿನಿಮಾ ತೆಗೆಯಲು ಹೊರಟಿದ್ದೂ ಆ ಹೆಂಗಸರ ಮೇಲೆಯೇ. ಆರು ವರ್ಷ ಎರವಲು ಕ್ಯಾಮೆರಾದಲ್ಲಿ ಚಿತ್ರ ತೆಗೆದು ಚರ್ಚಿನ ನೆಲಮಾಳಿಗೆಯಲ್ಲಿ ತೋರಿಸುತ್ತಿದ್ದವಳಿಗೆ ಈ ಸಲ ಪ್ರೆಸ್ಟನ್ ಎಂಬ ನಿರ್ಮಾಪಕ ಸಿಕ್ಕಿದ್ದ. ಕ್ಯಾಮೆರಾ ಅವನದು, ಕೊನೆಯ ಮಾತೂ ಅವನದು. ಹಾಗೆಂದು ಸಹಿ ಹಾಕಿಕೊಟ್ಟಿದ್ದಳು. ಅವನು ಮುನಿದರೆ ಚಿತ್ರವಿಲ್ಲ.

ಪ್ರೆಸ್ಟನ್‌ಗೆ ಸಹಜತೆಯ ಕಾಯಿಲೆ. ಆ ಪದವನ್ನು ಮೂಗಿನ ದನಿಯಲ್ಲಿ ಪೆಪ್ಪರಮೆಂಟಿನಂತೆ ಚೀಪಿ ಚೀಪಿ ಆಡುತ್ತಿದ್ದ. ಮಧ್ಯಾಹ್ನದೊಳಗೆ ಲಾರಿ ಬಂತು: ಸಿನಿಮಾದವರಿಗೆ ಕಸ ಬಾಡಿಗೆಗೆ ಕೊಡುವ ಅಂಗಡಿಯದು. ನಜ್ಜುಗುಜ್ಜಾದ ಡಬ್ಬಗಳು, ಹರಿದ ಹಾಸಿಗೆ, ಸೋಪು ಹಾಕಿ ತೊಳೆದು ಒಣಗಿಸಿದ ಕೋಳಿಮೂಳೆ. ಬಡತನಕ್ಕೂ ಇಸ್ತ್ರಿ.

ಕೂಲಿಯವರು ಅದನ್ನು ಮೆಟ್ಟಿಲ ಮೇಲೆ ಸುರಿದರು. ಎಂಬತ್ತು ದಾಟಿದ ಮಿಸ್ ಅರ್ಲೀನ್ ಹೊರಬಂದು ಎಲ್ಲವನ್ನೂ ಗುಡಿಸಿ ತೊಟ್ಟಿಗೆ ತುಂಬಿದಳು. ಮತ್ತೆ ಸುರಿದರು. ಮತ್ತೆ ಗುಡಿಸಿದಳು. ಮೂರನೆಯ ಸಲಕ್ಕೆ ಪ್ರೆಸ್ಟನ್, ಮುದುಕಿಯನ್ನು ಒಳಗೆ ಕಳಿಸು, ನಿಮ್ಮವಳೇ ತಾನೇ, ನಿನ್ನ ಮಾತು ಕೇಳುತ್ತಾಳೆ ಎಂದು ಡೆಲ್ಫೀನಳನ್ನು ಅಟ್ಟಿದ.

ಅವಳು ಬಾಯಿ ತೆರೆಯುವ ಮೊದಲೇ ಅರ್ಲೀನ್ ಪೊರಕೆ ಊರಿ ನಿಂತಳು.

"ನಿಮ್ಮವ್ವ ನಿನ್ನ ಹೊಟ್ಟೇಲಿಟ್ಕೊಂಡೂ ಈ ಮೆಟ್ಲು ಉಜ್ತಿದ್ಲು ಕಣೇ. ಅದ್ರ ಮ್ಯಾಲೆ ಈ ಮುಂಡೇಮಗ ಎಂಜಲುಮೂಳೆ ಹಾಕುಸ್ತವ್ನೆ, ನೀನು ಪಟ ಹಿಡೀತೀಯ?"

"ಇಲ್ದಿದ್ರೆ ಚಿತ್ರ ನಿಂತೋಯ್ತದೆ, ಮಿಸ್ ಅರ್ಲೀನ್."

"ನಿಂತೋಗ್ಲಿ. ನಿಂತ್ರೆ ನಾವು ಯಾರಂತ ಲೋಕಕ್ಕೆ ಗೊತ್ತಾಗಾಕಿಲ್ಲ, ಅಷ್ಟೇಯ. ಬಂದ್ರೆ ತಿಪ್ಪೇಲಿ ಬಿದ್ದಿರೋರು ಅಂತ ಗೊತ್ತಾಯ್ತದೆ."

ಅತ್ತ ಪ್ರೆಸ್ಟನ್‌ನ ತಾಳ್ಮೆ ಕೆಟ್ಟಿತ್ತು. ಕೂಲಿಯವರಿಗೆ ಕಲೆಯ ಗಂಧವೇ ಇಲ್ಲವೆಂದು ಗೊಣಗಿ, ತಾನೇ ಕೈಗವಸು ತೊಟ್ಟು, ಬಿಳಿಯ ಮೆಟ್ಟಿಲ ಮೇಲೆ ಒಂದೊಂದೇ ಮೂಳೆಯನ್ನು ದೇವರಿಗೆ ಹೂವೇರಿಸುವಷ್ಟು ನಾಜೂಕಾಗಿ ಇಡತೊಡಗಿದ. ಎರಡು ಹೆಜ್ಜೆ ಹಿಂದೆ ಸರಿದು, ಕತ್ತು ವಾಲಿಸಿ ನೋಡಿ, ಒಂದನ್ನು ತಿರುಗಿಸಿಟ್ಟ.

ಡೆಲ್ಫೀನ್ ಹಿಂದಿರುಗಿ ಬಂದವಳೇ ಕ್ಯಾಮೆರಾವನ್ನು ಅವನತ್ತ ಹೊರಳಿಸಿ ಚಾಲೂ ಮಾಡಿದಳು.

"ಕಟ್," ಎಂದ ಪ್ರೆಸ್ಟನ್.

ಕಟ್ ಆಗಲಿಲ್ಲ. ಅವನು ಚೆನ್ನಾಗಿ ಕಾಣಲೆಂದು ಅರ್ಲೀನ್ ಪಕ್ಕಕ್ಕೆ ಸರಿದು ಜಾಗ ಮಾಡಿಕೊಟ್ಟಳು. ಎದುರು ಸಾಲಿನ ಬಾಗಿಲುಗಳು ಒಂದೊಂದೇ ತೆರೆದವು. ಹೆಂಗಸರು ಮೆಟ್ಟಿಲ ಮೇಲೆ ಕೂತರು, ಸಿನಿಮಾ ನೋಡುವವರಂತೆ.

"ಕ್ಯಾಮೆರಾ ನಂದು. ಇನ್ನು ಈ ದೇಶದಲ್ಲಿ ನಿನ್ನ ಕೈಗೆ ಯಾರೂ ಕ್ಯಾಮೆರಾ ಕೊಡದ ಹಾಗೆ ಮಾಡ್ತೀನಿ."

ಡೆಲ್ಫೀನ್ ಕಣ್ಣು ಕದಲಿಸದೆ, ಅವನದೇ ಮೂಗಿನ ದನಿ ತೆಗೆದಳು.

"ನಿಮ್ಮ ಪಾತ್ರಕ್ಕೆ ಮಾತಿಲ್ಲ, ಸಾರ್. ಮೂಳೆ ಇಡ್ತಾ ಇರಿ."