ಚಿಕ್ಕಮ್ಮನ ಕಥೆಯ ಗುಡುಗು

ಮೇಲಿನ ಮನೆಯಲ್ಲಿ ಓದು ಶುರುವಾದರೆ ಕೆಳಗಿನ ಮನೆಯಲ್ಲಿ ಹೊಲಿಗೆ ಶುರುವಾಗುತ್ತಿತ್ತು. ಇದು ಆ ಮನೆಯ ಗೋಡೆಗಳಿಗೂ ಗೊತ್ತಿದ್ದ ಸಂಗತಿ. ಮಧ್ಯಾಹ್ನದ ಊಟ ಮುಗಿದು ಪಾತ್ರೆಗಳ ಸದ್ದು ಅಡಗಿದ ಮೇಲೆ ದರ್ಜಿಯಮ್ಮನ ಓರಗಿತ್ತಿ ತನ್ನ ಮಗಳನ್ನು ಕಿಟಕಿಯ ಪಕ್ಕ ಕೂರಿಸಿಕೊಂಡು ಪುಸ್ತಕ ತೆರೆಯುವಳು. ಅವಳ ದನಿ ಒಂದೊಂದೇ ಮೆಟ್ಟಿಲು ಇಳಿದು ಕೆಳಗೆ ಬರುವುದು. ಅಷ್ಟರಲ್ಲಿ ದರ್ಜಿಯಮ್ಮ ಯಂತ್ರದ ಮುಂದೆ ಕೂತುಬಿಟ್ಟಿರುತ್ತಿದ್ದಳು. ಹೊಲಿಯಲು ಬಟ್ಟೆ ಇದ್ದರೆ ಸರಿ, ಇಲ್ಲದಿದ್ದರೆ ಚಿಂದಿಗೆ ಚಿಂದಿ ಸೇರಿಸಿ ಹೊಲಿಯುವಳು. ಅತ್ತೆಯ ಕಾಲದ ಯಂತ್ರ, ಕಾಲಲ್ಲಿ ತುಳಿಯುವಂಥದ್ದು. ಜೋರಾಗಿ ತುಳಿದರೆ ಮೇಲಿನ ದನಿ ಮುಳುಗಿ, ನೆಲ ನಡುಗಿ ಕಪಾಟಿನ ಲೋಟಗಳೆಲ್ಲ ಒಂದಕ್ಕೊಂದು ಪಿಸುಗುಟ್ಟಿಕೊಳ್ಳುತ್ತಿದ್ದವು.

ಓರಗಿತ್ತಿ ಅವಳಿಗೆ ಯಾವ ಕೇಡನ್ನೂ ಮಾಡಿದವಳಲ್ಲ. ಅದೇ ದೊಡ್ಡ ಕಷ್ಟ. ಬೈಯಲು ಒಂದು ತಪ್ಪಾದರೂ ಮಾಡಬಾರದೇ ಆ ಪುಣ್ಯಾತ್ಗಿತ್ತಿ. ‘ಅಕ್ಕಾ’ ಎಂದು ಬಾಯ್ತುಂಬ ಕರೆಯುವಳು, ಮೈ ಹುಷಾರಿಲ್ಲ ಅಂದರೆ ಗಂಜಿ ಕಾಯಿಸಿ ತರುವಳು. ಮಗಳನ್ನು ಶಾಲೆಗೆ ಕಳಿಸದೆ ಮನೆಯಲ್ಲೇ ಕಲಿಸುತ್ತಿದ್ದಳು, ಒಂದು ಪೆಟ್ಟಿಗೆ ಕಥೆಪುಸ್ತಕ ಇಟ್ಟುಕೊಂಡು. ದೇವರಿಗಾಗಿ ಬದುಕಿದವರ ಕಥೆ, ಸಮುದ್ರ ದಾಟಿದವರ ಕಥೆ, ರಾಜ್ಯ ಕಟ್ಟಿದವರ ಕಥೆ. ತಾಯಿ ಓದಬೇಕು, ಮಗು ಕೇಳಿ ತನ್ನ ಮಾತಿನಲ್ಲಿ ತಿರುಗಿ ಹೇಳಬೇಕು. ಅಷ್ಟೇ ಪಾಠ, ಅದೇ ಪರೀಕ್ಷೆ. ಆ ಮಗು ಒಂದು ಭಾನುವಾರ ಚರ್ಚಿನಲ್ಲಿ ಎದ್ದು ನಿಂತು ಯಾರೋ ಭಕ್ತರ ಕಥೆಯನ್ನು ಅರಳು ಹುರಿದ ಹಾಗೆ ಹೇಳಿ ಮುಗಿಸಿದಾಗ, ಪಾದ್ರಿಗಳೇ ಕನ್ನಡಕ ತೆಗೆದು ಒರೆಸಿಕೊಂಡರು. ‘ತಾಯಿಯೇ ಕಲಿಸಿದ್ದಂತೆ’ ಎಂದು ಹಿಂದಿನ ಬೆಂಚಿನವರು ಹೇಳಿದ್ದು ದರ್ಜಿಯಮ್ಮನ ಕಿವಿಗೆ ಕಾದ ಸೂಜಿಯಂತೆ ಇಳಿಯಿತು. ಅಂದಿನಿಂದ ಆ ಮಗುವಿಗೆ ಅವಳು ಮನಸ್ಸಿನಲ್ಲೇ ‘ಪಂಡಿತೆ’ ಎಂದು ಹೆಸರಿಟ್ಟಳು. ಚರ್ಚಿನಲ್ಲಿ, ಪಕ್ಕದವನದಕ್ಕೆ ಆಸೆಪಡಬೇಡ ಎನ್ನುವ ಹತ್ತನೆಯ ಆಜ್ಞೆ ಓದುವ ಹೊತ್ತಿಗೆ ಸರಿಯಾಗಿ ಅವಳಿಗೆ ಕೆಮ್ಮು ಬರತೊಡಗಿತು. ಅದರಲ್ಲಿ ಪಕ್ಕದವನ ಎತ್ತು ಕತ್ತೆಗಳ ಮಾತಿದೆ, ಓರಗಿತ್ತಿಯ ದನಿಯ ಮಾತು ಎಲ್ಲಿದೆ ಎಂದು ತನಗೆ ತಾನೇ ಸಮಾಧಾನ ಹೇಳಿಕೊಳ್ಳುವಳು.

ಅವಳ ಸ್ವಂತ ಮಗಳ ಅಡ್ಡಹೆಸರು ಗುಂಡಿ. ಹಾಲುಗಲ್ಲದ ಕೂಸಾಗಿದ್ದಾಗ ಅಮ್ಮನ ಡಬ್ಬಿಯಿಂದ ಕೋಟಿನ ಗುಂಡಿಯೊಂದನ್ನು ನುಂಗಿ, ಮನೆಮಂದಿಯ ಜೀವ ಬಾಯಿಗೆ ತಂದು, ಮರುದಿನ ಏನೂ ಆಗದವಳಂತೆ ನಕ್ಕವಳು. ಆಮೇಲೆ ಮಾತನ್ನೂ ಹಾಗೇ ನುಂಗತೊಡಗಿದಳು. ಶಾಲೆಯಲ್ಲಂತೂ ಬಾಯಿ ಬಿಡುತ್ತಿರಲಿಲ್ಲ. ಟೀಚರಮ್ಮ ಕರೆದು, ‘ಹುಡುಗಿ ಸ್ವಲ್ಪ ಮಂದ ಕಣ್ರೀ’ ಅಂದಳು. ಆ ‘ಮಂದ’ ಅನ್ನುವ ಮಾತನ್ನು ಹೊತ್ತುಕೊಂಡು ಗಂಡಹೆಂಡತಿ ಇಬ್ಬರೂ ಮನೆಗೆ ಬಂದರು. ರಜೆ ಮುಗಿದ ಮೇಲೆ ಇವಳನ್ನೂ ಮನೆಯಲ್ಲೇ ಕಲಿಸುವುದು ಎಂದು ತೀರ್ಮಾನವಾಯಿತು. ಇದರಲ್ಲೂ ಬಾಯಿ ಬಿಡದಿದ್ದರೆ ಇನ್ನೆಲ್ಲಿ ಬಿಡುತ್ತಾಳೆ ಎಂಬ ಹೆದರಿಕೆ ದರ್ಜಿಯಮ್ಮನ ಎದೆಯಲ್ಲಿ ಕೂತುಬಿಟ್ಟಿತು.

ಗಂಡ ಬೇಕರಿಯವನು. ಬೆಳಗಿನ ಜಾವ ಹೋಗಿ ಮಧ್ಯಾಹ್ನ ಬರುವಾಗ ಹುಬ್ಬಿಗೆಲ್ಲ ಹಿಟ್ಟು.

‘ಇದಕ್ಕೆಷ್ಟು ಯೋಚನೆ?’ ಅಂದ ಅವನು. ‘ಮೇಲಿದ್ದಾರಲ್ಲ, ಅವರ ಪುಸ್ತಕವೇ ಸಾಕು. ಇಬ್ಬರೂ ಒಟ್ಟಿಗೆ ಕೂತು ಕಲೀಲಿ. ಅವರು ಮುಗಿಸಿದ್ದು ನಮಗೆ ಬರತ್ತೆ.’

‘ಅವರು ಓದಿಬಿಟ್ಟ ಎಂಜಲು ನನ್ನ ಮಗಳಿಗ್ಯಾಕೆ?’

‘ಪುಸ್ತಕಕ್ಕೆಂಥ ಎಂಜಲೇ? ನಾನು ದಿನಾ ಊರಿಗೆಲ್ಲ ಬ್ರೆಡ್ಡು ಮುಟ್ಟಿ ಕೊಡ್ತೀನಿ, ಯಾರೂ ಎಂಜಲು ಅನ್ನಲ್ಲ.’

‘ನಿಮಗೆ ಹಿಟ್ಟು ಕಲಸೋಕೆ ಮಾತ್ರ ಗೊತ್ತು,’ ಎಂದು ಅವಳು ಮಾತು ಮುಗಿಸಿದಳು.

ಚರ್ಚಿನ ಹಿಂಬದಿಯ ಕೋಣೆಯಲ್ಲಿ ಪುಸ್ತಕಗಳ ಕಪಾಟು ನೋಡಿಕೊಳ್ಳುತ್ತಿದ್ದವಳು ಒಬ್ಬ ನಿವೃತ್ತ ನರ್ಸಮ್ಮ. ಮನೆಯಲ್ಲಿ ಕಲಿಸುವ ತಾಯಂದಿರಿಗೆಲ್ಲ ಒಟ್ಟಿಗೆ ಪುಸ್ತಕ ತರಿಸುವುದು ಅವಳ ಕೆಲಸ. ಮೇಜಿನ ಮೇಲೆ ಎರಡು ಮಾದರಿ ಹರಡಿದ್ದಳು. ಒಂದು, ಓರಗಿತ್ತಿಯ ಮನೆಯಲ್ಲಿರುವಂಥದೇ ಕಥೆಯ ಪೆಟ್ಟಿಗೆ. ಮೂಲೆಗಳು ಮೆತ್ತಗಾದ, ತೊಡೆಯ ಮೇಲಿಟ್ಟು ಓದಿದ ಗುರುತಿರುವ ಪುಸ್ತಕಗಳು. ಇನ್ನೊಂದು ದಪ್ಪ, ಗಟ್ಟಿ, ಹೊಳೆಯುವ ರಟ್ಟಿನದು. ಪುಟಪುಟಕ್ಕೂ ಸಣ್ಣದೊಂದು ಕಥೆಯ ತುಂಡು, ಅದರ ಕೆಳಗೆ ಗೆರೆಗಳು. ‘ಬಿಟ್ಟ ಸ್ಥಳ ತುಂಬಿರಿ.’ ಕೊನೆಯಲ್ಲಿ ಉತ್ತರಗಳು.

ದರ್ಜಿಯಮ್ಮ ಬಟ್ಟೆ ನೋಡುವ ಹಾಗೆ ಹಾಳೆಯನ್ನು ಹೆಬ್ಬೆರಳು ತೋರುಬೆರಳ ನಡುವೆ ಉಜ್ಜಿ ನೋಡಿದಳು. ಗಟ್ಟಿ ಹಾಳೆ.

‘ಇದು ಹೇಗೆ?’

‘ಒಳ್ಳೇದೇ,’ ಅಂದಳು ನರ್ಸಮ್ಮ. ‘ಕೆಲವು ಮಕ್ಕಳಿಗೆ ಸರಿಹೋಗತ್ತೆ. ನಿಮ್ಮ ಗುಂಡಿ ಹೇಗೆ? ಕೇಳೋ ಮಗುವೋ, ಬರೆಯೋ ಮಗುವೋ?’

ಊರವರ ತೋಳು, ಸೊಂಟ, ಎದೆಯ ಅಳತೆಯೆಲ್ಲ ದರ್ಜಿಯಮ್ಮನ ನಾಲಗೆಯ ತುದಿಯಲ್ಲಿತ್ತು, ಮಗಳ ಈ ಅಳತೆ ಮಾತ್ರ ಎಂದೂ ತೆಗೆದಿರಲಿಲ್ಲ.

‘ನಮ್ಮ ಓರಗಿತ್ತಿ ಇದನ್ನ ನೋಡಿದ್ಲಾ?’ ಎಂದು ಕೇಳಿದಳು.

‘ನೋಡಿ, ಬೇಡ ಅಂದ್ಲು.’

‘ಹಾಗಾದ್ರೆ ಇದೇ ಇರಲಿ.’

ನರ್ಸಮ್ಮ ಕನ್ನಡಕದ ಮೇಲಿನಿಂದ ನೋಡಿದಳು. ‘ತಾಯೀ, ಜ್ವರ ಯಾರಿಗಿದೆಯೋ ಅವರಿಗೆ ಮಾತ್ರೆ ಕೊಡಬೇಕು. ಮೊದಲು ಮನೆಗೆ ತಗೊಂಡು ಹೋಗಿ ಕೂರಿಸಿ ನೋಡಿ. ಬರೋ ಭಾನುವಾರ ಹೇಳಿ, ಆಮೇಲೆ ತರಿಸೋಣ.’

ಮಾದರಿಯ ಪುಸ್ತಕವನ್ನು ಅವಳು ಮನೆಗೆ ತಂದದ್ದು ಚೀಲದೊಳಗಲ್ಲ, ಕೈಯಲ್ಲಿ, ಮೇಲಿನ ಕಿಟಕಿಗೆ ಕಾಣುವ ಹಾಗೆ.

ಗುಂಡಿ ಕೂತಳು. ಪೆನ್ಸಿಲು ಹಿಡಿದಳು. ಬಿಟ್ಟ ಸ್ಥಳವನ್ನು ನೋಡಿದಳು. ಬಿಟ್ಟ ಸ್ಥಳ ಅವಳನ್ನು ನೋಡಿತು. ಮೊದಲ ದಿನ ಹಾಗೇ ಹೋಯಿತು, ಮರುದಿನವೂ.

‘ಕುರುಬನ ಹತ್ತಿರ ಏನಿತ್ತು? ಈಗಷ್ಟೇ ಓದಿದೆಯಲ್ಲ, ಬರಿ.’

ಗುಂಡಿ ಪೆನ್ಸಿಲಿನ ತುದಿ ಕಚ್ಚಿದಳು.

‘ಮೇಲಿನವಳಾಗಿದ್ರೆ ಇಷ್ಟೊತ್ತಿಗೆ ಪುಟ ಮುಗಿಸ್ತಿದ್ಲು,’ ಎಂದುಬಿಟ್ಟಳು ತಾಯಿ. ಮಾತು ಬಾಯಿಂದ ಜಾರಿದ ಮೇಲೆ ಹಿಡಿಯಲು ಅದಕ್ಕೆ ದಾರ ಕಟ್ಟಿರುತ್ತದೆಯೇ?

ಗುಂಡಿ ಪೆನ್ಸಿಲನ್ನು ಮೆಲ್ಲಗೆ ಕೆಳಗಿಟ್ಟು ಎದ್ದು ಹೋದಳು. ಎಲ್ಲಿಗೆಂದು ಕೇಳಬೇಕಿರಲಿಲ್ಲ. ಮೆಟ್ಟಿಲಿಗೆ. ಮೇಲೆ ಓದು ಶುರುವಾಗಿತ್ತು. ಆ ಮಗು ದಿನಾ ಅಲ್ಲೇ, ಮೆಟ್ಟಿಲ ತಿರುವಿನಲ್ಲಿ, ಮೊಣಕಾಲಿಗೆ ಗಲ್ಲ ಊರಿ ಕೂರುತ್ತಿತ್ತು. ಮೇಲೆ ಬಾ ಎಂದು ಚಿಕ್ಕಮ್ಮ ಕರೆದರೂ ಹೋಗದು. ಅಮ್ಮನಿಗೆ ಹಿಡಿಸದು ಎಂದು ಅದಕ್ಕೆ ಯಾರೂ ಹೇಳಿಕೊಟ್ಟಿರಲಿಲ್ಲ, ಆದರೂ ತಿಳಿದಿತ್ತು.

ದರ್ಜಿಯಮ್ಮ ಯಂತ್ರಕ್ಕೆ ಕೂತು ತುಳಿದಳು. ಹೊಟ್ಟೆಯೊಳಗಿನ ಕಿಚ್ಚೆಲ್ಲ ಪಾದಕ್ಕಿಳಿಯಿತು. ನನ್ನ ಹೊಟ್ಟೆಯಲ್ಲಿ ಹುಟ್ಟಿದ್ದು ಅವಳ ಬಾಯಿ ನೋಡಿಕೊಂಡು ಕೂರುತ್ತದೆ. ನಾನು ಓದಿದರೆ ಆಕಳಿಸುತ್ತದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ಇರಲಿ, ನನ್ನ ನೆಲ ಡೊಂಕೇ. ತುಳಿದಳು, ತುಳಿದಳು, ಲೋಟಗಳು ಕುಣಿದವು, ಪಟ್ ಎಂದು ಚಕ್ರದ ತೊಗಲಿನ ಪಟ್ಟಿ ಹರಿದು ಕಾಲ ಮೇಲೆ ಬಿತ್ತು.

ಮನೆ ಒಮ್ಮೆಲೇ ನಿಶ್ಶಬ್ದವಾಯಿತು. ಮೇಲಿನ ದನಿಯೂ ಆಗಲೇ ನಿಂತಿತ್ತು, ಅಧ್ಯಾಯ ಮುಗಿದಿರಬೇಕು. ಆ ನಿಶ್ಶಬ್ದದಲ್ಲಿ ಒಳಕೋಣೆಯಿಂದ ಇನ್ನೊಂದು ದನಿ ಕೇಳಿಸಿತು. ದರ್ಜಿಯಮ್ಮನಿಗೆ ಮೊದಲು ಗುರುತೇ ಸಿಗಲಿಲ್ಲ. ಇಷ್ಟು ಹೊತ್ತು ಒಂದೇ ಸಮನೆ ಮಾತಾಡಿದ್ದನ್ನು ಅವಳು ಎಂದೂ ಕೇಳಿರಲಿಲ್ಲ. ಅದು ಗುಂಡಿ, ಮೆಟ್ಟಿಲಿಂದ ಯಾವಾಗ ಇಳಿದು ಬಂದಳೋ. ಮಲಗಿದ್ದ ಅಪ್ಪನ ಹೊಟ್ಟೆಯ ಮೇಲೆ ಮೊಣಕೈ ಊರಿ ಕಥೆ ಹೇಳುತ್ತಿದ್ದಳು. ದರ್ಜಿಯಮ್ಮ ಬಾಗಿಲ ಪರದೆಯ ಹಿಂದೆ ನಿಂತಳು.

‘...ಡಾಕ್ಟ್ರು ಆ ಊರಿಗೆ ಔಷಧಿ ತಗೊಂಡು ಹೋಗ್ಬೇಕು. ಹಗ್ಗದ ಸೇತುವೆ. ಕೆಳಗೆ ಹೊಳೆ. ಕುದುರೆ ಬರಲ್ಲ ಅಂತ ಕೂತುಬಿಡತ್ತೆ, ನಮ್ಮ ಮನೆ ಬೆಕ್ಕಿನ ಥರ. ಡಾಕ್ಟ್ರು ಪ್ರಾರ್ಥನೆ ಮಾಡ್ತಾರೆ. ಆಮೇಲೆ...’

‘ಆಮೇಲೆ?’

‘ಆಮೇಲೆ ಗುಡುಗು ಬಂತು.’

‘ಮತ್ತೆ ಗುಡುಗಾ? ನಿನ್ನೆ ಹಡಗಿನ ಕಥೇಲೂ ಗುಡುಗು ಬಂದಿತ್ತಲ್ಲೇ.’

‘ಚಿಕ್ಕಮ್ಮನ ಕಥೆಯಲ್ಲೆಲ್ಲ ಗುಡುಗು ಬರತ್ತಪ್ಪ. ಮುಖ್ಯವಾದ ಜಾಗಕ್ಕೆ ಸರಿಯಾಗಿ ಬರತ್ತೆ. ಈ ಗುಡುಗು ಕುದುರೆಯ ಕಿವಿ ಹಿಡ್ಕೊಂಡು, ಏಳೇ ಸೋಮಾರಿ ಅಂತ ದರದರ ಎಳೀತು. ಗುಡುಗಿಗೆ ಕಬ್ಬಿಣದ ಕಾಲು, ಒಂದೇ ಕಾಲು. ಕುಂಟ್ಕೊಂಡೇ ಸೇತುವೆ ದಾಟಿಸ್ತು. ಗುಡುಗು ನಿಂತಾಗ ಡಾಕ್ಟ್ರು ಆ ಕಡೆ ಇದ್ರು, ಮೈಮೇಲೆ ಕೋಟೇ ಇರಲಿಲ್ಲ. ಗುಡುಗು ಇಸ್ಕೊಂಡಿತ್ತು. ಅದಕ್ಕೆ ಚಳಿ, ಪಾಪ.’

ಬೇಕರಿಯವನು ಹೊಟ್ಟೆ ಕುಲುಕಿಸಿ ನಕ್ಕ. ಪರದೆಯ ಕೆಳಗೆ ಹೆಂಡತಿಯ ಪಾದ ಕಂಡಿತು. ನಗು ಅರ್ಧಕ್ಕೆ ನಿಂತಿತು.

ದರ್ಜಿಯಮ್ಮ ಒಂದು ಗಳಿಗೆ ತನ್ನ ಬಲಗಾಲನ್ನು ನೋಡಿಕೊಂಡಳು, ಆಮೇಲೆ ತುಳಿಯುವ ಕಬ್ಬಿಣದ ಹಲಗೆಯನ್ನು.

ಗುಂಡಿ ನೀರು ಕುಡಿಯಲು ಹೋದಾಗ ಅವಳು ಗಂಡನನ್ನು ಕೇಳಿದಳು, ‘ನಿಮಗೆ ಗೊತ್ತಿತ್ತಾ?’

‘ಏನು, ಗುಡುಗು ಯಾರು ಅಂತಲೇ? ಗೊತ್ತಿತ್ತು.’

‘ಯಾಕೆ ಹೇಳಲಿಲ್ಲ?’

‘ಹೇಳಿದ್ರೆ ಇನ್ನೂ ಜೋರಾಗಿ ತುಳೀತಿದ್ದೆ.’

ಅವಳ ಕಿಚ್ಚು ಈಗ ದಿಕ್ಕು ಬದಲಿಸಿತು. ಓದುವ ದನಿ ಮೇಲಿನವಳಿಗೆ, ಹೇಳುವ ದನಿ ಈ ಹಿಟ್ಟಿನ ಹುಬ್ಬಿನವನಿಗೆ. ತನ್ನ ಪಾಲಿಗೆ ಪೆನ್ಸಿಲು ಕಚ್ಚುವ ಬಾಯಿ. ಅಡುಗೆಮನೆಗೆ ಹೋಗಿ ಮಗಳೆದುರು ಕುಕ್ಕುರುಗಾಲಲ್ಲಿ ಕೂತಳು.

‘ಅಪ್ಪನಿಗೆ ಗುಡುಗಿನ ಕಥೆ ಹೇಳ್ತೀಯಂತೆ. ನನಗೆ ಯಾಕೆ ಹೇಳಲ್ಲ?’

ಗುಂಡಿ ಲೋಟದ ಅಂಚಿನ ಮೇಲಿಂದ ನೋಡಿದಳು. ‘ನೀನು ಕೇಳ್ಲಿಲ್ಲವಲ್ಲ.’

ಕೇಳುವುದು ಅಂದರೆ ಬಾಯಿಂದ ಕೇಳುವುದೂ ಹೌದು, ಕಿವಿಯಿಂದ ಕೇಳುವುದೂ ಹೌದು. ಮಗು ಯಾವುದನ್ನು ಹೇಳಿತೋ. ದರ್ಜಿಯಮ್ಮ ಎರಡೂ ಕಡೆ ಲೆಕ್ಕ ಹಾಕಿ ನೋಡಿದಳು, ಎರಡರಲ್ಲೂ ತಾನೇ ಸೋತಿದ್ದಳು. ಹೊಳೆಯುವ ರಟ್ಟಿನ ಪುಸ್ತಕ ಹೊಲಿಗೆಯ ಮೇಜಿನ ಮೇಲೆ ಖಾಲಿ ಗೆರೆಗಳನ್ನು ಬಿಟ್ಟುಕೊಂಡು ಬಿದ್ದಿತ್ತು. ತನ್ನ ಗುಂಡಿಗೆ ಬಿಟ್ಟ ಸ್ಥಳ ತುಂಬಲು ಬರುವುದಿಲ್ಲವಂತೆ. ಟೀಚರಮ್ಮನನ್ನು ಕರೆದು ತಂದು ಈ ಪರದೆಯ ಹಿಂದೆ ನಿಲ್ಲಿಸಬೇಕಿತ್ತು.

ಮರುದಿನ ಮೇಲೆ ಓದು ಶುರುವಾಗುವ ಹೊತ್ತಿಗೆ ದರ್ಜಿಯಮ್ಮ ಕೈಹೊಲಿಗೆಯ ಒಂದು ಲಂಗ ಎತ್ತಿಕೊಂಡು ಮಗಳ ಕೈಹಿಡಿದು ಮೆಟ್ಟಿಲು ಹತ್ತಿದಳು. ಹೊಟ್ಟೆಕಿಚ್ಚನ್ನು ಕೆಳಗೆ ಬಿಟ್ಟು ಹೋದಳು ಎಂದುಕೊಳ್ಳಬೇಡಿ. ಅದೂ ಜೊತೆಗೇ ಹತ್ತಿತು. ಓರಗಿತ್ತಿಯ ಕಿಟಕಿಯ ಬೆಳಕು, ದಿಂಬಿನ ಮೇಲೆ ಬೋರಲಿಟ್ಟ ಪುಸ್ತಕ, ಪಂಡಿತೆಯ ನೇರವಾದ ಜಡೆ, ಒಂದೊಂದೂ ಕಣ್ಣಿಗೆ ಚುಚ್ಚಿತು.

‘ಬಾ ಅಕ್ಕಾ,’ ಎಂದು ಓರಗಿತ್ತಿ ಗಡಬಡಿಸಿ ಎದ್ದಳು. ‘ಏನು ಯಂತ್ರ ಕೆಟ್ಟಿತಾ?’

‘ಪಟ್ಟಿ ಹರೀತು,’ ಅಂದಳು. ಸೂಜಿಗೆ ದಾರ ಪೋಣಿಸುವ ನೆವದಲ್ಲಿ ತಲೆ ತಗ್ಗಿಸಿಯೇ ಮುಂದುವರಿಸಿದಳು. ‘ನೋಡು ತಂಗಿ, ನಾವೂ ನಿಮ್ಮ ಪೆಟ್ಟಿಗೆಯೇ ತಗೊಳ್ಳೋದು ಅಂತಿದ್ದೀವಿ. ಇಬ್ಬರನ್ನೂ ಕೂರಿಸಿಕೊಂಡು ನೀನು ಓದು. ನನ್ನ ಓದು ಅಳತೆ ಕೂಗಿದ ಹಾಗಿರತ್ತೆ, ನನಗೇ ಗೊತ್ತು. ಆದ್ರೆ ಒಂದು ಮಾತು. ತಿರುಗಿ ಹೇಳೋದು ಮಾತ್ರ ಕೆಳಗೆ. ನನ್ನ ಹತ್ತಿರ. ಇಬ್ಬರೂ.’

‘ಇವಳೂ?’ ಓರಗಿತ್ತಿ ತನ್ನ ಮಗಳ ಕಡೆ ನೋಡಿದಳು.

‘ಹೂಂ, ಇವಳೂ.’

ಓರಗಿತ್ತಿಯ ಮುಖದಲ್ಲಿ ಏನೋ ಒಂದು ಗೆರೆ ಮೂಡಿ ಮಾಯವಾಯಿತು. ‘ಅದು... ಹೇಳಿಸ್ಕೊಳ್ಳೋದೇ ನನಗೆ ಬಹಳ ಇಷ್ಟವಾದ ಭಾಗ ಅಕ್ಕಾ,’ ಅಂದಳು ಸಣ್ಣಗೆ.

ಆ ಗೆರೆಯನ್ನು ದರ್ಜಿಯಮ್ಮ ಗುರುತು ಹಿಡಿದಳು. ಅವಳಿಗಿಂತ ಚೆನ್ನಾಗಿ ಯಾರು ಹಿಡಿದಾರು? ಕಟ್ಟಿಕೊಂಡ ಗಂಡನಿಗಿಂತ, ಹೆತ್ತ ತಾಯಿಗಿಂತ ಹತ್ತಿರದ ಗೆಳತಿಯಾಗಿ ಇಷ್ಟು ದಿನ ಅವಳ ಜೊತೆ ಉಂಡು ಮಲಗಿದ್ದು ಅದೇ ಕಿಚ್ಚು ತಾನೇ.

‘ಓದೋದು ನಿಂಗಿದೆಯಲ್ಲ,’ ಅಂದಳು. ‘ಹಂಚಿಕೊಂಡು ಉಣ್ಣೋಣ.’

ಓರಗಿತ್ತಿ ಪುಸ್ತಕದ ಮೂಲೆ ಸವರಿ, ‘ಆಗಲಿ’ ಅಂದಳು.

‘ಮೊದಲು ನಿನ್ನೆಯದನ್ನ ಇನ್ನೊಂದ್ಸಲ ಓದು. ನಮ್ಮ ಗುಂಡಿಗೆ ಸೇತುವೆ ಹತ್ತಿರ ಸರಿಯಾಗಿ ಕೇಳಿಸಿಲ್ಲ.’

ಓರಗಿತ್ತಿ ಓದಿದಳು. ದನಿ ಚೆನ್ನಾಗಿಯೇ ಇತ್ತು, ಹತ್ತಿರದಿಂದ ಕೇಳಿದರೆ ಇನ್ನೂ ಚೆನ್ನಾಗಿತ್ತು, ಹಾಳಾಗಿಹೋಗಲಿ. ಕುದುರೆ ಸೇತುವೆಯ ಮುಂದೆ ಕೂತಿತು. ಡಾಕ್ಟರು ಪ್ರಾರ್ಥಿಸಿದರು. ಆಮೇಲೆ ತಮ್ಮ ಕೋಟು ಬಿಚ್ಚಿ, ಕುದುರೆಯ ಕಣ್ಣಿಗೆ ಸುತ್ತಿ, ತೋಳುಗಳನ್ನು ಗಂಟುಹಾಕಿ, ಲಗಾಮು ಹಿಡಿದು ಮೆಲ್ಲಗೆ ನಡೆಸಿಕೊಂಡು ದಾಟಿದರು.

ಗುಂಡಿ ಕಾದಳು. ಓರಗಿತ್ತಿ ಪುಟ ತಿರುವಿದಳು.

‘ಅಷ್ಟೇನಾ?’ ಅಂದಳು ಗುಂಡಿ. ‘ಗುಡುಗೆಲ್ಲಿ?’

‘ಯಾವ ಗುಡುಗು ಚಿನ್ನಾ? ಇದರಲ್ಲಿ ಗುಡುಗೇ ಇಲ್ಲ.’

ಗುಂಡಿ ತಾಯಿಯ ಕಡೆ ವಾಲಿ ಕಿವಿಯಲ್ಲಿ ಹೇಳಿದಳು. ಅದು ಪಿಸುಮಾತಾದರೂ ಕೋಣೆಗೆಲ್ಲ ಕೇಳಿಸಿತು. ‘ನಮ್ಮದೇ ಚೆನ್ನಾಗಿತ್ತಲ್ವಾಮ್ಮ?’

ದರ್ಜಿಯಮ್ಮ ಲಂಗದ ಅಂಚಿನ ಮೇಲೆ ಬಗ್ಗಿ ದಾರವನ್ನು ಹಲ್ಲಿನಿಂದ ಕಡಿದಳು. ಹಾಗೆ ಕಡಿಯುವಾಗ ನಗು ಯಾರಿಗೂ ಕಾಣುವುದಿಲ್ಲ.