ಬೀಗದ ಮೇಲಿನ ಮುಖ

"ಏಯ್, ಕಲಶಕ್ಕೆ ಕೈ ತಾಗಿಸ್ಬಿಟ್ಟೆಯಲ್ಲೋ! ಕಣ್ಣು ಕಾಣಲ್ವಾ?"

ಪುರೋಹಿತ ರಮಾಕಾಂತ್ ಕೂಗಿಕೊಂಡ. ವಾರಕ್ಕೆ ಐದು ದಿನ ಅವನು ಆಸ್ಟ್ರೇಲಿಯಾದ ಪರ್ತ್‌ನಲ್ಲಿ ಸಾಫ್ಟ್‌ವೇರ್ ಎಂಜಿನಿಯರ್. ಮಡಿ ಮೈಲಿಗೆಯೆಲ್ಲ ಶನಿವಾರ, ಭಾನುವಾರ ಮಾತ್ರ. ಪೂಜಾ ಮಂಟಪದ ದೀಪದ ಸರ ಹಿಡಿದು ಮಂಡಿಯೂರಿದ್ದ ಚಾಮರಾಜ ಬೆಪ್ಪಾದ. ಸರ ಹೊತ್ತಿಸಿದಾಗಲೆಲ್ಲ ಇಡೀ ಮನೆಯ ಕರೆಂಟು ಹೋಗುತ್ತದೆಂದು ಕರೆಸಿದವರೇ ಇವರು. ಎಲ್ಲಿ ವೈರು ಸುಟ್ಟಿದೆಯೆಂದು ಮುಟ್ಟದೆ ಹೇಳಲು ಅವನೇನು ಜ್ಯೋತಿಷಿಯೇ?

ಪರ್ತ್‌ನ ಬಡಾವಣೆ ಕ್ಯಾನಿಂಗ್ ವೇಲ್‌ನ ಈ ಮನೆ ಲಕ್ಷ್ಮೀಕಾಂತನದು. ರಾಜ್ಯಕ್ಕೆಲ್ಲ ಕರೆಂಟು, ಗ್ಯಾಸು ಒದಗಿಸುವ ಸರ್ಕಾರಿ ಕಂಪನಿಯಲ್ಲಿ ಅವನು ಸುರಕ್ಷತಾ ಮ್ಯಾನೇಜರ್, ಚಾಮರಾಜ ಲೈನ್‌ಮ್ಯಾನ್. 'ಬೆಳಕಿಗೆ ಭೇದವಿಲ್ಲ' ಎಂದು ಕಂಪನಿಯ ವ್ಯಾನುಗಳ ಮೇಲೆಲ್ಲ ಬರೆಸಿದ್ದಾರೆ. ಕೆಲಸಕ್ಕೆ ಸೇರಿದ ದಿನವೇ ಲಕ್ಷ್ಮೀಕಾಂತ, "ಕೊಳ್ಳೇಗಾಲದ ಕಡೆಯವನಾ? ಊರಲ್ಲಿ ಯಾವ ಬೀದಿ?" ಎಂದು ಕೇಳಿದ್ದ. ಉತ್ತರ ಬಂದೊಡನೆ, ಆಗಷ್ಟೇ ಕುಲುಕಿದ ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡಿದ್ದ.

ಆದರೇನು? ಚಾಮರಾಜ ಈ ದೇಶದಲ್ಲಿ ಉಳಿಯಬೇಕಾದರೆ, ಹೆಂಡತಿ ವನಜಾಳನ್ನು ಕರೆಸಿಕೊಳ್ಳಬೇಕಾದರೆ, ವೀಸಾಕ್ಕೆ ಬೇಕಾದ ಕಂಪನಿಯ ಪತ್ರಕ್ಕೆ ಈ ಮಹಾನುಭಾವನ ಸಹಿ ಬೀಳಬೇಕು. ಹಾಗಾಗಿ ವರ್ಷದಿಂದ ಪ್ರತಿ ಭಾನುವಾರ ಇಲ್ಲಿ ಬಿಟ್ಟಿ ಚಾಕರಿ. ಊಟ ಗ್ಯಾರೇಜಿನಲ್ಲಿ, ಹುಲ್ಲು ಕತ್ತರಿಸುವ ಯಂತ್ರದ ಪಕ್ಕ, ಕಾಗದದ ತಟ್ಟೆಯಲ್ಲಿ.

"ಕಲಶ ಬದಲಾಯಿಸ್ಬೇಕು ಸರ್," ಎಂದ ರಮಾಕಾಂತ್.

ಲಕ್ಷ್ಮೀಕಾಂತ ಬಾಗಿಲು ತೋರಿಸಿದ. "ನಿಮ್ಮೋರಿಗೆ ಸಲಿಗೆ ಕೊಟ್ಟಿದ್ದೇ ತಪ್ಪು. ಆಚೆ ನಡಿ. ಮತ್ತೆ ಒಳಗೆ ಕಾಲಿಟ್ರೆ ನೋಡು."

ಮೂವತ್ತು ಜನ ಅತಿಥಿಗಳು, ಅರ್ಧಕ್ಕರ್ಧ ಕಂಪನಿಯವರೇ. ಎಲ್ಲರಿಗೂ ಆ ಕ್ಷಣವೇ ಫೋನಿನಲ್ಲಿ ಏನೋ ತುರ್ತು ಬಂದಿತ್ತು.

ಹೊರಗೆ ಇಲ್ಲಿನ ಕಡುಬೇಸಿಗೆ, ಫೆಬ್ರವರಿಯ ಮಧ್ಯಾಹ್ನ, ನಲವತ್ತೆರಡು ಡಿಗ್ರಿ. ಚಾಮರಾಜನಿಗೆ ಅಳು ಬಂತು, ಅದಕ್ಕಿಂತ ಹೆಚ್ಚು ಸಿಟ್ಟು ಬಂತು. ಹೊರಗೋಡೆಯ ಮೀಟರ್ ಬಾಕ್ಸಿನತ್ತ ನೋಡಿದ. ಕೆಲಸ ಹಿಡಿಯುವ ಮುಂಚೆ ಮೇನ್ ಸ್ವಿಚ್ ಆರಿಸಿ, ಯಾರೂ ಹಾಕದಂತೆ ಕಂಪನಿ ಕೊಟ್ಟ ತನ್ನ ಕೆಂಪು ಬೀಗ ಜಡಿದಿದ್ದ. ಬೀಗಕ್ಕೆ ನೇತುಬಿದ್ದ ಚೀಟಿಯಲ್ಲಿ ಅವನ ಫೋಟೋ, ಹೆಸರು, ಕೆಳಗೆ 'ಮುಟ್ಟಬೇಡಿ'. ಹಾಕಿದವನೇ ತೆಗೆಯಬೇಕು, ಅದೂ ಕೆಲಸ ಮುಗಿದ ಮೇಲೆ. ಬೇರೆಯವರು ಮುರಿದರೆ ಅಂದೇ ಕೆಲಸದಿಂದ ವಜಾ. ಪ್ರತಿ ಸೋಮವಾರ ಇದನ್ನು ಲೈನ್‌ಮ್ಯಾನ್‌ಗಳಿಗೆ ಬಾಯಿಪಾಠ ಮಾಡಿಸುವವನು ಲಕ್ಷ್ಮೀಕಾಂತನೇ.

ಹತ್ತು ನಿಮಿಷಕ್ಕೆ ಬೆವರಿನಲ್ಲಿ ತೊಯ್ದು ಅವನೇ ಬಂದ. "ಕರೆಂಟ್ ಹಾಕೋ! ಎಸಿ ಇಲ್ದೆ ಒಳಗೆ ಬೇಯ್ತಿದೀವಿ."

"ಕೆಲ್ಸ ಮುಗ್ದಿಲ್ಲ ಕಣ್ ಸಾ. ಸುಟ್ಟೋಗಿರ ವೈರು ಮಂಟಪದಲ್ಲಿ ಅದೆ. ನಾನು ಒಳಿಕ್ಕೆ ಬರಂಗಿಲ್ವಲ್ಲ."

"ಬೀಗ ತೆಗಿಯೋ ಬೇವರ್ಸಿ! ಪತ್ರಕ್ಕೆ ಸೈನ್ ಬೇಕೋ ಬೇಡ್ವೋ?"

ಚಾಮರಾಜ ಜೇಬಿನಿಂದ ಬೀಗದ ಕೈ ತೆಗೆದ. ನಿನ್ನೆಯಷ್ಟೇ ವನಜಾ ಫೋನಿನಲ್ಲಿ, "ಸೂಟ್‌ಕೇಸ್ ತಕ್ಕಂಡಿವ್ನಿ," ಎಂದಿದ್ದಳು. ಅದನ್ನು ಒಂದು ಗಳಿಗೆ ಅಂಗೈಯಲ್ಲಿ ತಿರುಗಿಸಿದ. ಆಮೇಲೆ ಮತ್ತೆ ಜೇಬಿಗಿಳಿಸಿದ.

"ನಿಮ್ ಸೈನ್ ನೀವೇ ಮಡಿಕಳಿ. ಅದೇನ್ ಕಿತ್ಕತಿರೋ ಕಿತ್ಕಳಿ."

ವ್ಯಾನು ಹತ್ತಿ ಕನ್ನಡಿಯಲ್ಲಿ ನೋಡಿದ. ರೇಷ್ಮೆ ಸೀರೆ, ಪಂಚೆಗಳೆಲ್ಲ ಬೆವರುತ್ತ ಅಂಗಳಕ್ಕೆ ಬಂದಿದ್ದವು. ಕಂಪನಿಯವರು ವಿಡಿಯೋ ಮಾಡಲು ಫೋನುಗಳನ್ನು ಎತ್ತಿ ಹಿಡಿದಿದ್ದರು. ಗ್ಯಾರೇಜಿನಿಂದ ಕಟರ್ ತಂದ ಲಕ್ಷ್ಮೀಕಾಂತ ಮೀಟರ್ ಬಾಕ್ಸಿನಲ್ಲಿ ತೂಗುತ್ತಿದ್ದ ಚಾಮರಾಜನ ಮುಖದೆದುರು ನಿಂತಿದ್ದ. ಮುಟ್ಟಲಿಲ್ಲ.